ಕುಂಚದಿಂದ ಕ್ಯಾಮೆರಾಕ್ಕೆ, ಕ್ಯಾಮೆರಾದಿಂದ ನಿಪ್ಪಾಣಿಗೆ

ಪರೇಲ್‌ನಲ್ಲಿ ಈಗ ಉಳಿದಿರುವ ಗಿರಣಿ ಚಿಮಣಿಗಳನ್ನು ಬೆರಳಲ್ಲಿ ಎಣಿಸಬಹುದು. ನಾನು ಮದುವೆಯಾಗಿ ಇಲ್ಲಿಗೆ ಬಂದಾಗಲೇ ಗಿರಣಿಗಳ ಭೋಂಗಾ ನಿಂತುಹೋಗಿತ್ತು. ಆದರೆ ನಮ್ಮ ಚಾಳಿನ ಹಿರಿಯರು ಹೊತ್ತು ಹೇಳುವಾಗ ಇನ್ನೂ ‘ಮೊದಲ ಪಾಳಿ’, ‘ಎರಡನೇ ಪಾಳಿ’ ಎನ್ನುತ್ತಿದ್ದರು. 1982ರ ಜನವರಿ 18ರಂದು ಶುರುವಾದ ಮುಷ್ಕರದಲ್ಲಿ ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಗಿರಣಿಗಳಿಂದ ಹೊರಬಂದರು. ಅವರಲ್ಲಿ ಬಹಳ ಮಂದಿ ಮತ್ತೆ ಒಳಗೆ ಹೋಗಲೇ ಇಲ್ಲ. ಆ ಜಾಗದಲ್ಲಿ ಈಗ ಮಾಲ್‌ಗಳೂ ಗಾಜಿನ ಕಚೇರಿಗಳೂ ಎದ್ದಿವೆ.

ಈ ಸಲದ ಸಂಚಿಕೆಗೆ ಮಹಿಳಾ ವಿಭಾಗದವರು ‘ಇತಿಹಾಸದ ಬಗ್ಗೆ ಏನಾದರೂ ಬರೆಯಿರಿ’ ಎಂದಾಗ ನನ್ನ ಮನಸ್ಸು ಮೊದಲು ಹೋದದ್ದು ಈ ಗಿರಣಗಾಂವ್‌ನ ಕಡೆಗೇ. ಇಲ್ಲಿನ ಗಂಡಸರ ಕಥೆ ಒಂದಿಷ್ಟು ದಾಖಲಾಗಿದೆ. ಹೆಂಗಸರದು? 1920ರ ದಶಕದಲ್ಲಿ ಮುಂಬಯಿ ಗಿರಣಿಗಳ ಕೆಲಸಗಾರರಲ್ಲಿ ಹೆಚ್ಚುಕಡಿಮೆ ಐದರಲ್ಲಿ ಒಬ್ಬರು ಹೆಂಗಸು. ಮುಷ್ಕರದ ಹೊತ್ತಿಗೆ ಅವರು ಎಲ್ಲೋ ಕೆಲವರು. ಕೆಲಸ ಕಳೆದುಕೊಂಡ ಹೆಂಗಸರು ಎಲ್ಲಿಗೆ ಹೋದರು ಎಂದು ಕೇಳಿದವರು ಕಡಿಮೆ. ಊರಿಂದ ಒಂಟಿಯಾಗಿ ಬಂದ ಗಂಡಸರಿಗೆ ಮನೆಯಲ್ಲೇ ಊಟ ಹಾಕುತ್ತಿದ್ದ ಖಾನಾವಳಿಯ ಹೆಂಗಸರು ಇದೇ ಓಣಿಗಳಲ್ಲಿದ್ದರು. ಪ್ರೇಮಾ ಪುರವ 1975ರಲ್ಲಿ ‘ಅನ್ನಪೂರ್ಣಾ ಮಹಿಳಾ ಮಂಡಳ’ ಕಟ್ಟಿ ಅವರನ್ನು ಒಟ್ಟುಗೂಡಿಸಿದ ಮೇಲೆಯೇ ಬ್ಯಾಂಕುಗಳ ಕಣ್ಣಿಗೂ ಅವರು ಬಿದ್ದದ್ದು. ಅವರ ಮೇಲೆ ಪಾರೋಮಿತಾ ವೋಹ್ರಾ 1995ರಲ್ಲಿ ‘ಅನ್ನಪೂರ್ಣಾ’ ಎಂಬ ಸಾಕ್ಷ್ಯಚಿತ್ರ ಮಾಡಿದರು.

ಸಾಕ್ಷ್ಯಚಿತ್ರ ಎಂದರೆ ಏನೆಂದು ನನಗೆ ನಿಜವಾಗಿ ಹೊಳೆದದ್ದು ಇನ್ನೊಂದನ್ನು ನೋಡಿದಾಗ. ಅಂಜಲಿ ಮೊಂತೇರೊ ಮತ್ತು ಕೆ.ಪಿ. ಜಯಶಂಕರ್ 2001ರಲ್ಲಿ ಮಾಡಿದ ‘ಸಾಚಾ’. ನಮ್ಮ ಕನ್ನಡದ ‘ಸಾಚಾ ಮನುಷ್ಯ’ನಲ್ಲಿ ಬರುವ ಸಾಚಾ ಅಲ್ಲ ಇದು. ಮರಾಠಿಯಲ್ಲಿ ಗಿರಣಿಯ ಮಗ್ಗಕ್ಕೆ ಸಾಚಾ ಎನ್ನುತ್ತಾರೆ. ಕವಿ ನಾರಾಯಣ ಸುರ್ವೆ ಮತ್ತು ಚಿತ್ರಕಾರ ಸುಧೀರ್ ಪಟವರ್ಧನ್ ಇಬ್ಬರ ಮೂಲಕ ಈ ಗಿರಣಿ ಪ್ರದೇಶವನ್ನು ಕಾಣಿಸುವ ಚಿತ್ರ. ಸುರ್ವೆ ಹಸುಗೂಸಾಗಿದ್ದಾಗ ಬೀದಿಯಲ್ಲಿ ಸಿಕ್ಕಿ, ಗಿರಣಿ ಕಾರ್ಮಿಕರೊಬ್ಬರ ಮನೆಯಲ್ಲಿ ಬೆಳೆದವರು. ಪಟವರ್ಧನ್ ಠಾಣೆಯಲ್ಲಿ ಎಕ್ಸ್‌-ರೇ ಓದುವ ವೈದ್ಯರಾಗಿದ್ದುಕೊಂಡೇ ಕಾರ್ಮಿಕರ ಮೈ, ರೈಲು, ಸೇತುವೆ, ಬೀದಿಗಳನ್ನು ಬರೆದವರು. ‘ಲೋವರ್ ಪರೇಲ್’ ಎಂಬ ಹೆಸರಿನದೇ ಅವರದೊಂದು ದೊಡ್ಡ ಚಿತ್ರವಿದೆ. ‘ಸಾಚಾ’ದಲ್ಲಿ ಚಿತ್ರಕಾರ ಕ್ಯಾಮೆರಾದ ಮುಂದೆ ನಿಂತಿದ್ದಾನೆ. ಚಿತ್ರಕಲೆ ಕಲಿತವನೇ ಕ್ಯಾಮೆರಾದ ಹಿಂದೆ ಹೋದರೆ? ಹಾಗೆ ಹೋದ ಒಬ್ಬರ ದಾರಿ ಹುಡುಕುತ್ತಾ ಹೊರಟ ನಾನು ಮುಂಬಯಿ ದಾಟಿ, ಬೆಂಗಳೂರು ಮುಟ್ಟಿ, ಕಡೆಗೆ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯಲ್ಲಿ ನಿಂತೆ. ಆ ವ್ಯಕ್ತಿ ನವರೋಜ್ ಕಂಟ್ರಾಕ್ಟರ್.

ನವರೋಜ್ ಅಹಮದಾಬಾದಿನ ಪಾರ್ಸಿ. ಕಲಿತದ್ದು ಬರೋಡಾದ ಎಂ.ಎಸ್. ವಿಶ್ವವಿದ್ಯಾಲಯದ ಲಲಿತಕಲಾ ವಿಭಾಗದಲ್ಲಿ. ಎನ್.ಎಸ್. ಬೇಂದ್ರೆ (ನಮ್ಮ ವರಕವಿಗಳಲ್ಲ, ಇಂದೋರಿನ ಚಿತ್ರಕಾರ), ಕೆ.ಜಿ. ಸುಬ್ರಹ್ಮಣ್ಯನ್, ಜ್ಯೋತಿ ಭಟ್ಟ ಮುಂತಾದವರು ಕಟ್ಟಿ ಬೆಳೆಸಿದ ಜಾಗ ಅದು. ಅಲ್ಲಿ ಬಣ್ಣದಿಂದ ಫೋಟೋಗ್ರಫಿಗೆ ಹೊರಳಿ, ಮುಂದೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಛಾಯಾಗ್ರಹಣ ಕಲಿತರು.

ಅದೇ ಕಾಲದಲ್ಲಿ ಇತ್ತ ಮುಂಬಯಿಯಲ್ಲಿ ಒಂದು ಸಣ್ಣ ಪ್ರಯೋಗ ನಡೆದಿತ್ತು. ಚಿತ್ರಕಾರ ಅಕ್ಬರ್ ಪದಮ್ಸಿ ತಮಗೆ ಸಿಕ್ಕ ನೆಹರೂ ಫೆಲೋಶಿಪ್ಪಿನ ಹಣದಲ್ಲಿ ಒಂದು ಕಾರ್ಯಾಗಾರ ತೆರೆದರು. ಚಿತ್ರಕಾರರು, ಫೋಟೋ ತೆಗೆಯುವವರು, ಸಿನಿಮಾದವರು ಒಂದೇ ಕಡೆ ಕೂತು ಕೆಲಸ ಮಾಡಲಿ ಎಂಬುದು ಅವರ ಆಸೆ. 1969ರಿಂದ ಮೂರು ವರ್ಷ ಅದು ನಡೆಯಿತು. ಆಗಷ್ಟೇ ಜೆ.ಜೆ. ಕಲಾಶಾಲೆಯಿಂದ ಬಂದಿದ್ದ ನಳಿನಿ ಮಲಾನಿ ಅಲ್ಲೇ ತಮ್ಮ ಮೊದಲ ಕಿರುಚಿತ್ರಗಳನ್ನು ಮಾಡಿದರು. ಮುಂದೆ ಅವರ ‘ಯುಟೋಪಿಯಾ’ದಲ್ಲಿ ಒಂದು ಪರದೆಯ ಮೇಲೆ ಬಣ್ಣಬಣ್ಣದ ಕನಸಿನ ಮನೆಗಳು, ಪಕ್ಕದ ಪರದೆಯ ಮೇಲೆ ಕಿಟಕಿಯಿಂದ ಈ ಊರನ್ನು ನೋಡುತ್ತಾ ನಿಂತ ಒಬ್ಬ ಹೆಣ್ಣುಮಗಳು. ಮುಂಬಯಿಯಲ್ಲಿ ಬಾಡಿಗೆ ಮನೆ ಹುಡುಕಿದವರಿಗೆಲ್ಲ ಅದರ ಅರ್ಥ ಯಾರೂ ಹೇಳಿಕೊಡಬೇಕಾಗಿಲ್ಲ.

ಪದಮ್ಸಿಯವರ ಈ ನೆರವಿನಿಂದಲೇ ಮಣಿ ಕೌಲ್ ‘ದುವಿಧಾ’ ಮಾಡಿದರು. 1973ರ ಚಿತ್ರ. ವಿಜಯದಾನ್ ದೇಥಾ ಬರೆದ ರಾಜಸ್ಥಾನದ ಭೂತದ ಕಥೆ. ಮದುವೆಯಾದ ಮರುದಿನವೇ ವ್ಯಾಪಾರಕ್ಕೆ ಹೊರಟ ಗಂಡ, ಅವನ ರೂಪದಲ್ಲಿ ಬಂದ ಭೂತ, ನಡುವೆ ಯಾರೂ ಮಾತು ಕೇಳದ ಹೆಣ್ಣು. ಛಾಯಾಗ್ರಾಹಕ ನವರೋಜ್. ಅವರ ಕೈಯಲ್ಲಿದ್ದದ್ದು 16 ಎಂ.ಎಂ.ನ ಬೊಲೆಕ್ಸ್ ಕ್ಯಾಮೆರಾ, ಗಡಿಯಾರದ ಹಾಗೆ ಕೀಲಿ ಕೊಟ್ಟು ಓಡಿಸುವಂಥದು. ಒಂದು ಸಲ ಕೀಲಿ ಕೊಟ್ಟರೆ ಅರ್ಧ ನಿಮಿಷವೂ ಓಡುವುದಿಲ್ಲ. ಆ ಅರ್ಧ ನಿಮಿಷದೊಳಗೆ ಏನು ಕಾಣಬೇಕೋ ಅದನ್ನು ಮೊದಲೇ ಕಂಡುಕೊಂಡಿರಬೇಕು. ‘ದುವಿಧಾ’ದ ಬಿಳಿ ಗೋಡೆ, ಕೆಂಪು ಓಢಣಿ, ನಿಂತಲ್ಲೇ ನಿಂತುಬಿಡುವ ಚಿತ್ರಗಳನ್ನು ನೋಡಿದರೆ ಕುಂಚ ಹಿಡಿದ ಕೈಯೇ ಕ್ಯಾಮೆರಾ ಹಿಡಿದಿದೆ ಎಂದು ನನ್ನಂಥವಳಿಗೂ ಗೊತ್ತಾಗುತ್ತದೆ. ಮಣಿ ಕೌಲ್ ಅವರಿಗೆ ನಿರ್ದೇಶನಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಒಬ್ಬ ಛಾಯಾಗ್ರಾಹಕ ಜೀವನವಿಡೀ ಅಂಥ ಅಂದದ ಕೆಲಸ ಮಾಡಿಕೊಂಡೇ ಇರಬಹುದಿತ್ತು. ಅವರು ಕಲಾತ್ಮಕ ಚಿತ್ರಗಳನ್ನು ಬಿಡಲೂ ಇಲ್ಲ. ‘22 ಜೂನ್ 1897’, ‘ಪರ್ಸಿ’ ಇವೆಲ್ಲ ಅವರ ಕ್ಯಾಮೆರಾದಲ್ಲೇ ಮೂಡಿದವು. ಆದರೆ ಏಳೇ ವರ್ಷಗಳಲ್ಲಿ ಇನ್ನೊಂದು ಕೆಲಸವೂ ಅವರ ಪಾಲಿಗೆ ಬಂತು.

ಅದನ್ನು ಹೇಳುವ ಮೊದಲು ಆಗಿನ ಸಾಕ್ಷ್ಯಚಿತ್ರ ಹೇಗಿತ್ತು ಎಂದು ನೆನಪಿಸಿಕೊಳ್ಳಬೇಕು. ನಮ್ಮ ವಯಸ್ಸಿನವರಿಗೆ ಗೊತ್ತು. ಟಾಕೀಸಿನಲ್ಲಿ ಸಿನಿಮಾಕ್ಕೆ ಮುಂಚೆ ಫಿಲ್ಮ್ಸ್ ಡಿವಿಜನ್ನಿನ ನ್ಯೂಸ್ ರೀಲು ಬರುತ್ತಿತ್ತು. ಅಣೆಕಟ್ಟು, ಮಂತ್ರಿ, ಪ್ರವಾಹ, ಎಲ್ಲಕ್ಕೂ ಒಂದೇ ಗಂಭೀರ ಗಂಡುದನಿ. ತೆರೆಯ ಮೇಲಿನ ಜನ ಬಾಯಿ ಆಡಿಸುತ್ತಿದ್ದರು, ಮಾತು ಮಾತ್ರ ಆ ದನಿಯದು. ಗಂಡಸರು ಅದು ಮುಗಿಯುವ ತನಕ ಹೊರಗೆ ನಿಂತು ಬೀಡಿ ಸೇದುತ್ತಿದ್ದರು.

ತುರ್ತು ಪರಿಸ್ಥಿತಿ ಮುಗಿದ ಮೇಲೆ ಎಲ್ಲೆಲ್ಲೂ ಹೆಂಗಸರ ಸಂಘಟನೆಗಳು ಎದ್ದವು. ಮಥುರಾ ಪ್ರಕರಣದ ತೀರ್ಪಿನ ವಿರುದ್ಧ 1980ರಲ್ಲಿ ಊರೂರಲ್ಲಿ ಮೆರವಣಿಗೆ ನಡೆದವು. ಅದೇ ವರ್ಷ ಬೆಂಗಳೂರಿನಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ನವರೋಜ್ ಸೇರಿ ‘ಯುಗಾಂತರ್’ ಎಂಬ ಚಿತ್ರ ತಂಡ ಕಟ್ಟಿದರು. ಮೂವರು ಹೆಂಗಸರು, ಒಬ್ಬ ಗಂಡಸು. ಇಲ್ಲಿ ಒಂದು ಮಾತನ್ನು ಒತ್ತಿ ಹೇಳಬೇಕು. ನಾನು ನವರೋಜ್ ಅವರ ದಾರಿಯನ್ನು ಹಿಡಿದು ಬರೆಯುತ್ತಿದ್ದೇನಾದರೂ ಈ ಚಿತ್ರಗಳ ನಿರ್ದೇಶನ ದೀಪಾ ಅವರದು, ಯೋಚನೆ ಎಲ್ಲರದು. ದೀಪಾ ನವರೋಜ್ ಅವರ ಪತ್ನಿ ಎಂಬ ಕಾರಣಕ್ಕೆ ಯಾರಾದರೂ ಹಿಂದುಮುಂದಾಗಿ ಓದಿಯಾರು. ಹೆಂಗಸರ ಕೆಲಸಕ್ಕೆ ಗಂಡಸರ ಹೆಸರು ಅಂಟಿಕೊಳ್ಳಲು ಬಹಳ ಹೊತ್ತು ಬೇಡ.

1980ರಿಂದ 83ರ ಒಳಗೆ ಯುಗಾಂತರ್ ನಾಲ್ಕು ಚಿತ್ರಗಳನ್ನು ಮಾಡಿತು. ಮೊದಲನೆಯದು ‘ಮೋಲ್ಕರೀಣ್’, ಪುಣೆಯ ಮನೆಗೆಲಸದ ಹೆಂಗಸರು ಮುಷ್ಕರ ಹೂಡಿ ಸಂಘ ಕಟ್ಟಿದ ಕಥೆ. ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೊಡನೆ ಮಾಡಿದ ತೆಲುಗು ಚಿತ್ರ ‘ಇದಿ ಕಥಾ ಮಾತ್ರಮೇನಾ’ ಮನೆಯೊಳಗಿನ ಹೊಡೆತದ ಬಗ್ಗೆ. ‘ಸುದೇಶಾ’ ಚಿಪ್ಕೋದ ಹೆಣ್ಣುಮಗಳೊಬ್ಬಳ ಬಗ್ಗೆ. ಮೂರೂ ನೋಡತಕ್ಕವೇ. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು 1982ರ ‘ತಂಬಾಕೂ ಚಾಕೀಲಾ ಊಬ್ ಆಲೀ’. ಊಬ್ ಎಂದರೆ ಕಾವು. ಇಂಗ್ಲಿಷಿನಲ್ಲಿ ‘ಟೊಬ್ಯಾಕೊ ಎಂಬರ್ಸ್’ ಎಂದು ಹೆಸರಿಟ್ಟರು. ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಂಗಸರ ಚಿತ್ರ.

ಕನ್ನಡಿಗರಿಗೆ ನಿಪ್ಪಾಣಿ ಎಂದರೆ ನೆನಪಾಗುವುದು ಗಡಿ ತಂಟೆ. ಮಹಾಜನ ವರದಿ, ಬಸ್ಸಿಗೆ ಮಸಿ, ಬೋರ್ಡಿಗೆ ಮಸಿ. ಸ್ವಲ್ಪ ಹಳಬರಿಗೆ 1981ರ ರೈತ ಚಳವಳಿಯೂ ನೆನಪಿದ್ದೀತು. ಶರದ್ ಜೋಶಿಯವರ ನೇತೃತ್ವದಲ್ಲಿ ತಂಬಾಕು ಬೆಳೆಗಾರರು ಒಳ್ಳೆಯ ಬೆಲೆಗಾಗಿ ಪುಣೆ-ಬೆಂಗಳೂರು ಹೆದ್ದಾರಿಯ ಮೇಲೆ ವಾರಗಟ್ಟಲೆ ಕೂತರು. ಏಪ್ರಿಲ್‌ನಲ್ಲಿ ಪೊಲೀಸರು ಗುಂಡು ಹಾರಿಸಿ ಹತ್ತಕ್ಕೂ ಹೆಚ್ಚು ಜನ ಸತ್ತರು. ಗುಂಡೂರಾಯರ ಸರ್ಕಾರದ ಕಾಲ. ಬೆಳೆದವರ ಕಷ್ಟ ಹೀಗೆ ಪತ್ರಿಕೆಯ ಮುಖಪುಟಕ್ಕೆ ಬಂತು. ಆದರೆ ಹೊಲದಿಂದ ಬಂದ ಅದೇ ತಂಬಾಕನ್ನು ವಖಾರಿಗಳ ಒಳಗೆ ಕುಟ್ಟಿ, ಜರಡಿ ಹಿಡಿದು, ಬೀಡಿಗೆ ಹದ ಮಾಡುತ್ತಿದ್ದವರು ಸಾವಿರಾರು ಹೆಂಗಸರು. ಅವರು ಬೆಳೆಗಾರರಲ್ಲ, ಬೀಡಿ ಕಟ್ಟುವವರೂ ಅಲ್ಲ, ನಡುವಿನವರು. ನಡುವಿನವರು ಯಾರ ಕಣ್ಣಿಗೂ ಬೀಳುವುದಿಲ್ಲ.

ಆ ಹೆಂಗಸರು ಅಷ್ಟರೊಳಗೆ ಸಂಘ ಕಟ್ಟಿಕೊಂಡಿದ್ದರು. ಯುಗಾಂತರ್ ಬರುವ ಹೊತ್ತಿಗೆ ಅದರಲ್ಲಿ ಸುಮಾರು 3000 ಹೆಂಗಸರಿದ್ದರು. ಸಂಘಟಿತ ಕಾರ್ಮಿಕರಲ್ಲಿ ಲೆಕ್ಕಕ್ಕೇ ಬಾರದ, ಓದು ಬರಹವಿಲ್ಲದ, ಹಲವರು ಗಂಡನ ಆಸರೆಯೂ ಇಲ್ಲದ ಹೆಂಗಸರು ಮುಷ್ಕರ ಹೂಡಿ ಮಾಲೀಕರನ್ನು ಮಾತುಕತೆಗೆ ಕೂರಿಸಿದ್ದು ಆ ಕಾಲಕ್ಕೆ ಸಣ್ಣ ಮಾತಲ್ಲ. ತಂಡ ಸುಮಾರು ನಾಲ್ಕು ತಿಂಗಳು ಅವರ ಜೊತೆ ಮಾತಾಡುತ್ತಾ, ಕೇಳುತ್ತಾ ಕಳೆಯಿತು. ಚಿತ್ರೀಕರಣ ಬಂದದ್ದು ಆಮೇಲೆ.

ಚಿತ್ರ ಇಪ್ಪತ್ತೈದು ನಿಮಿಷದ್ದು, ಕಪ್ಪು ಬಿಳುಪು. ಕಾರ್ಖಾನೆಯ ಒಳಗಿನ ದೃಶ್ಯಗಳಲ್ಲಿ ಬೆಳಕಿಗಿಂತ ಧೂಳು ಹೆಚ್ಚು. ಮೂಗು ಬಾಯಿಗೆ ಸೆರಗು ಕಟ್ಟಿಕೊಂಡ ಹೆಂಗಸರು, ಜರಡಿ, ಒಂದೇ ಲಯದಲ್ಲಿ ಆಡುವ ತೋಳುಗಳು. ‘ದುವಿಧಾ’ ಮಾಡಿದ ಕಣ್ಣಿಗೆ ಆ ಧೂಳಿನಲ್ಲಿ ಬೆಳಕು ಬೀಳುವ ಬಗೆ ಖಂಡಿತ ಕಂಡಿರುತ್ತದೆ. ಬೇಕಿದ್ದರೆ ಅದನ್ನೇ ಹಿಡಿದುಕೊಂಡು ಚೆಂದದ ಚಿತ್ರ ಮಾಡಬಹುದಿತ್ತು. ಬಡತನವನ್ನು ಚೆಂದ ಮಾಡಿ ತೋರಿಸುವ ಫೋಟೋಗಳಿಗೆ ನಮ್ಮಲ್ಲೇನು ಕೊರತೆ? ಇಲ್ಲಿ ಕ್ಯಾಮೆರಾ ಹಾಗೆ ಸುಮ್ಮನೆ ನಿಂತು ಮೆಚ್ಚುವುದಿಲ್ಲ. ಹೆಂಗಸರ ನಡುವೆ ಕೂರುತ್ತದೆ, ಅವರು ಎದ್ದಾಗ ಏಳುತ್ತದೆ. ನಿರೂಪಣೆಯೂ ಅವರದೇ. ‘ನಾನು’ ಎಂದು ಶುರುವಾದ ಮಾತು ‘ನಾವು’ ಆಗುತ್ತದೆ. ಕೂಲಿಯ ಮಾತು, ಮಾಲೀಕರ ಕೈ ಎಲ್ಲೆಲ್ಲಿಗೆ ಹೋಗುತ್ತಿತ್ತು ಎಂಬ ಮಾತು, ಇವನ್ನೆಲ್ಲ ಅವರು ಒಬ್ಬರ ಮಾತಿಗೆ ಇನ್ನೊಬ್ಬರು ಕೂಡಿಸುತ್ತಾ ಹೇಳುತ್ತಾರೆ. ನ್ಯೂಸ್ ರೀಲಿನ ಆ ಗಂಭೀರ ದನಿಗೆ ಇಲ್ಲಿ ಕೆಲಸವೇ ಇಲ್ಲ.

ಇನ್ನೊಂದು ವಿಶೇಷವುಂಟು. ಮುಷ್ಕರದ ಮುಖ್ಯ ಘಟನೆಗಳು ನಡೆದಾಗ ಅಲ್ಲಿ ಕ್ಯಾಮೆರಾ ಇರಲಿಲ್ಲ. ಹಾಗಾಗಿ ಹೆಂಗಸರೇ ಅವನ್ನು ಮತ್ತೆ ಅಭಿನಯಿಸಿ ತೋರಿಸಿದರು. ‘ಸಾಕ್ಷ್ಯಚಿತ್ರದಲ್ಲಿ ನಟನೆಯೇ? ಹಾಗಾದರೆ ಅದು ಸಾಕ್ಷ್ಯ ಹೇಗಾದೀತು?’ ಎಂದು ನಾನೂ ಮೊದಲು ಅಂದುಕೊಂಡೆ. ಆಮೇಲೆ ಯೋಚಿಸಿದರೆ, ನಾವು ಊರಿಗೆ ಹೋದಾಗ ಅತ್ತಿಗೆಯೋ ದೊಡ್ಡಮ್ಮನೋ ನಡೆದ ಜಗಳವನ್ನು ಎದ್ದುನಿಂತು ಅಭಿನಯಿಸಿಯೇ ಹೇಳುವುದಿಲ್ಲವೇ? ಅದು ಸುಳ್ಳೆಂದು ಯಾರಾದರೂ ಹೇಳುತ್ತೇವೆಯೇ? ತಾನು ಹೆದರದೆ ನಿಂತ ಗಳಿಗೆಯನ್ನು ಇನ್ನೊಮ್ಮೆ ಮಾಡಿ ತೋರಿಸುವವಳ ಮುಖದಲ್ಲಿ ಒಂದು ಗತ್ತು ಇರುತ್ತದೆ. ಅದು ನಟಿಯರಿಗೆ ಬರುವಂಥದಲ್ಲ. ನವರೋಜ್ ಅದನ್ನು ಹತ್ತಿರದಿಂದ ಹಿಡಿದಿದ್ದಾರೆ.

ನನ್ನ ಮಟ್ಟಿಗೆ ಈ ದಾರಿಯಲ್ಲಿ ದೊಡ್ಡ ಹೆಜ್ಜೆ ಇದೇ. ಕುಂಚ ಬಿಟ್ಟು ಕ್ಯಾಮೆರಾ ಹಿಡಿಯುವುದು ಉಪಕರಣದ ಬದಲಾವಣೆ ಅಷ್ಟೆ. ಏನು ತೋರಿಸಬೇಕು ಎಂಬುದನ್ನು ಎದುರಿಗಿರುವವರೊಡನೆ ಕೂತು ತೀರ್ಮಾನಿಸುವುದು ಬೇರೆಯೇ. ಚಿತ್ರಕಾರನಿಗೆ ತನ್ನ ಕಣ್ಣಿನ ಮೇಲೆ ಇರುವ ನಂಬಿಕೆಯನ್ನು ಸ್ವಲ್ಪ ಪಕ್ಕಕ್ಕಿಡಬೇಕಾಗುತ್ತದೆ.

ಚಿತ್ರ ಮುಗಿದ ಮೇಲೆ ಅದು ಟಾಕೀಸಿಗೆ ಹೋಗಲಿಲ್ಲ. ಹೋಗುವಂಥದೂ ಅಲ್ಲ. ಪ್ರೊಜೆಕ್ಟರನ್ನೂ ರೀಲಿನ ಡಬ್ಬಿಗಳನ್ನೂ ಹೊತ್ತು ಸಂಘಗಳಿಗೆ, ಬಸ್ತಿಗಳಿಗೆ ಒಯ್ದು ತೋರಿಸಿದರು. ತೋರಿಸಿದ ಮೇಲೆ ಚರ್ಚೆ. ಒಂದೂರಿನ ಹೆಂಗಸರ ಗೆಲುವನ್ನು ಇನ್ನೊಂದೂರಿನ ಹೆಂಗಸರು ನೋಡಲಿ ಎಂಬುದೇ ಉದ್ದೇಶ. ಒಂದು ಕೊರಗು ನನಗಿದೆ. ಕರ್ನಾಟಕದ ಊರಿನಲ್ಲಿ, ಬೆಂಗಳೂರಿನ ತಂಡ ಮಾಡಿದ ಚಿತ್ರವಾದರೂ ಮಾತು ಮರಾಠಿಯಾದ್ದರಿಂದ ಕನ್ನಡಿಗರು ಇದನ್ನು ‘ನಮ್ಮದು’ ಎಂದು ಎಣಿಸಿದ್ದು ಕಡಿಮೆ. ನಿಪ್ಪಾಣಿಯ ನೆಲ ನಮಗೆ ಬೇಕು, ಅಲ್ಲಿನ ಹೆಂಗಸರ ಮಾತು ಬೇಡವೆಂದರೆ ಹೇಗೆ? ಮುಂಬಯಿಯಲ್ಲಿ ಮರಾಠಿಯವರ ನಡುವೆ ಬದುಕುವ ನಾವಾದರೂ ಇದನ್ನು ನೋಡಬಹುದಿತ್ತು.

ಅತ್ತ ನಿಪ್ಪಾಣಿಯ ಚಿತ್ರ ಹೊರಬಂದ 1982ರಲ್ಲೇ ಇತ್ತ ಪರೇಲ್‌ನ ಗಿರಣಿಗಳ ಬಾಗಿಲಲ್ಲಿ ಮುಷ್ಕರ. ಒಂದೇ ವರ್ಷ. ಇಲ್ಲಿ ದೊಡ್ಡ ನಾಯಕ, ದೊಡ್ಡ ಸಂಖ್ಯೆ, ದೊಡ್ಡ ಸೋಲು. ಅಲ್ಲಿ ಚಿಕ್ಕ ಊರು, ಹೆಂಗಸರು, ಒಂದಿಷ್ಟು ಗೆಲುವು. ಇಲ್ಲಿನ ಮನೆಗಳಲ್ಲಿ ಆ ಒಂದೂವರೆ ವರ್ಷ ಒಲೆ ಹೇಗೆ ಉರಿಯಿತು ಎಂದು ಯುಗಾಂತರ್‌ನಂಥ ತಂಡವೊಂದು ಹೆಂಗಸರ ಜೊತೆ ಕೂತು ದಾಖಲಿಸಿದ್ದರೆ ಎಂದು ಎಷ್ಟೋ ಸಲ ಅನ್ನಿಸಿದೆ. ಆನಂದ್ ಪಟವರ್ಧನ್ 1985ರಲ್ಲಿ ‘ಹಮಾರಾ ಶಹರ್’ ಮಾಡಿ ಬೀದಿಬದಿಯ ಗುಡಿಸಲುಗಳವರ ಮಾತು ಕೇಳಿಸಿದರು, ಮುಂದೆ ಗಿರಣಿ ಕಾರ್ಮಿಕರ ಮೇಲೂ ಒಂದು ಚಿಕ್ಕ ಚಿತ್ರ ಮಾಡಿದರು. ಆದರೂ ಖಾನಾವಳಿಯವಳ ಉದರಿ ಲೆಕ್ಕದ ಪುಸ್ತಕ ಮುಷ್ಕರದ ವರ್ಷ ಏನಾಯಿತು ಎಂಬುದು ಕಥೆಯಾಗಿ ಮಾತ್ರ ಉಳಿದಿದೆ, ಅದನ್ನು ಹೇಳುವವರೂ ಕಡಿಮೆಯಾಗುತ್ತಿದ್ದಾರೆ.

ಯುಗಾಂತರ್ 1983ರ ನಂತರ ಮುಂದುವರಿಯಲಿಲ್ಲ. ಆಭಾ ಭೈಯಾ ದೆಹಲಿಯಲ್ಲಿ ‘ಜಾಗೋರಿ’ ಸಂಸ್ಥೆ ಕಟ್ಟಿದವರಲ್ಲೊಬ್ಬರಾದರು. ದೀಪಾ ನಿರ್ದೇಶನ, ನವರೋಜ್ ಕ್ಯಾಮೆರಾ, ಹೀಗೆ ಇಬ್ಬರ ಕೆಲಸ ನಡೆಯುತ್ತಲೇ ಹೋಯಿತು. 1986ರಲ್ಲಿ ಹೈದರಾಬಾದಿನ ಕೋಮುಗಲಭೆಯ ಬಗ್ಗೆ ‘ಕ್ಯಾ ಹುವಾ ಇಸ್ ಶಹರ್ ಕೋ’, 1991ರಲ್ಲಿ ಕುಟುಂಬ ಯೋಜನೆಯ ಬಗ್ಗೆ ‘ಸಮ್‌ಥಿಂಗ್ ಲೈಕ್ ಎ ವಾರ್’. ಎರಡನೆಯದನ್ನು ನೋಡುವಾಗ ಗಟ್ಟಿ ಮನಸ್ಸು ಬೇಕು. ಶಿಬಿರದಲ್ಲಿ ಒಂದರ ಹಿಂದೊಂದು ಆಪರೇಷನ್ ಮಾಡುತ್ತಾ ತಾನೆಷ್ಟು ಬೇಗ ಮುಗಿಸುತ್ತೇನೆಂದು ಹೆಮ್ಮೆಯಿಂದ ಹೇಳುವ ವೈದ್ಯರು ಒಂದು ಕಡೆ. ಇನ್ನೊಂದು ಕಡೆ ಹಳ್ಳಿಯ ಹೆಂಗಸರು ಸುತ್ತ ಕೂತು, ಹೆಣ್ಣಿನ ಮೈಯ ಚಿತ್ರ ಬರೆದು, ಅದರ ಸುಖದುಃಖಗಳನ್ನು ನಗುತ್ತಾ ಮಾತಾಡುತ್ತಾರೆ. ಆ ನಗು ಕ್ಯಾಮೆರಾದ ಮುಂದೆ ಅಷ್ಟು ಸಲೀಸಾಗಿ ಬಂದದ್ದು, ಕ್ಯಾಮೆರಾ ಹಿಡಿದವರು ತಮ್ಮನ್ನು ಎಷ್ಟು ಚಿಕ್ಕದು ಮಾಡಿಕೊಳ್ಳಲು ಕಲಿತಿದ್ದರು ಎಂಬುದಕ್ಕೆ ಗುರುತು.

ನವರೋಜ್ ಜಾಝ್ ಸಂಗೀತಗಾರರ ಫೋಟೋ ತೆಗೆದರು, ಮೋಟಾರ್ ಸೈಕಲ್ಲುಗಳ ಬಗ್ಗೆ ಬರೆದರು, ಎಂಬತ್ತರ ಹತ್ತಿರ ಬಂದರೂ ಬೈಕ್ ಬಿಡಲಿಲ್ಲ. 2023ರ ಜೂನ್‌ನಲ್ಲಿ ಒಂದು ಭಾನುವಾರ ಬೆಂಗಳೂರಿನಿಂದ ಸವಾರಿ ಹೊರಟವರು ಹೊಸೂರಿನ ಬಳಿ ಅಪಘಾತದಲ್ಲಿ ತೀರಿಕೊಂಡರು. ಪತ್ರಿಕೆಗಳು ‘ದುವಿಧಾ’ದ ಛಾಯಾಗ್ರಾಹಕ ಎಂದು ಬರೆದವು. ಸರಿಯೇ. ನಿಪ್ಪಾಣಿಯ ಹೆಸರು ನಾನು ನೋಡಿದ ಬರಹಗಳಲ್ಲಿ ಅಷ್ಟಾಗಿ ಕಾಣಲಿಲ್ಲ.

ಯುಗಾಂತರ್‌ನ ರೀಲುಗಳು ಮೂವತ್ತು ಮೂವತ್ತೈದು ವರ್ಷ ಹೆಚ್ಚು ಜನ ನೋಡದೆ ಉಳಿದಿದ್ದವು. ಬರ್ಲಿನ್ನಿನ ಆರ್ಸೆನಾಲ್ ಚಲನಚಿತ್ರ ಸಂಸ್ಥೆಯವರು ಅವನ್ನು ತೊಳೆದು, ಡಿಜಿಟಲ್ ಮಾಡಿ ಮತ್ತೆ ನೋಡುವ ಹಾಗೆ ಮಾಡಿದ್ದಾರೆ. ನಿಪ್ಪಾಣಿಯ ಹೆಂಗಸರ ಧೂಳು ಬರ್ಲಿನ್ನಿನಲ್ಲಿ ಹೊಸದಾಗಿ ಬೆಳಕು ಕಂಡಿತು.

ಕಳೆದ ಮಳೆಗಾಲದಲ್ಲಿ ಊರಿಂದ ಅಮ್ಮ ಬಂದಿದ್ದಾಗ ಈ ಚಿತ್ರವನ್ನು ನನ್ನ ಲ್ಯಾಪ್‌ಟಾಪಿನಲ್ಲಿ ಹಾಕಿ ತೋರಿಸಿದೆ. ಅಮ್ಮ ಮೂವತ್ತು ವರ್ಷ ಬೀಡಿ ಕಟ್ಟಿದವರು. ನಮ್ಮ ಶಾಲೆಯ ಫೀಸು, ತಂಗಿಯ ಮದುವೆಯ ಚಿನ್ನ, ಎಲ್ಲ ಆ ತಟ್ಟೆಯಿಂದಲೇ ಬಂದದ್ದು. ಎಲೆ, ನೂಲು, ಹುಡಿ ಬ್ರಾಂಚಿನಿಂದ ತರುವುದು, ಕಟ್ಟಿ ಕೊಡುವುದು, ಸರಿಯಿಲ್ಲವೆಂದು ತೆಗೆದಿಟ್ಟ ಬೀಡಿಗೆ ದುಡ್ಡಿಲ್ಲದೆ ಮರಳುವುದು. ಅವರಿಗೆ ಮರಾಠಿ ಬಾರದು, ನಾನು ಬದಿಯಲ್ಲಿ ಕೂತು ಕನ್ನಡದಲ್ಲಿ ಹೇಳುತ್ತಿದ್ದೆ. ಘೋಷಣೆಯ ದೃಶ್ಯ ಬಂದಾಗ ಅಮ್ಮ ಸುಮ್ಮನಿದ್ದರು. ಜರಡಿಯ ದೃಶ್ಯ ಬಂದಾಗ ಮುಂದಕ್ಕೆ ಬಗ್ಗಿದರು.

“ನಮಗೆ ಬರುತ್ತಿದ್ದ ಹುಡಿ ಇಲ್ಲಿಂದ ಬರುವುದಾ?” ಎಂದು ಕೇಳಿದರು.

ಹೌದಿರಬೇಕು, ಬೀಡಿ ತಂಬಾಕು ಆ ಕಡೆಯಿಂದಲೂ ನಮ್ಮ ಜಿಲ್ಲೆಗೆ ಬರುತ್ತಿತ್ತು ಎಂದೆ.

“ಅದಕ್ಕೂ ಮೊದಲು ಇವರು ಇಷ್ಟು ಕೆಮ್ಮಿದ್ದಾರೆ ಅಂತ ನಮಗೆ ಗೊತ್ತೇ ಇರಲಿಲ್ಲ ಮಾರಾಯ್ತಿ,” ಎಂದರು. ಆಮೇಲೆ ಆ ದೃಶ್ಯವನ್ನು ಇನ್ನೊಮ್ಮೆ ಹಾಕಲು ಹೇಳಿದರು.